ಕಿಯೋಗೆ ಧಾರವಾಡದ ಒನ್ಸ್ ಮೋರ್

ಭಾನುವಾರ ಬೆಳಿಗ್ಗೆ ಒಂಬತ್ತಕ್ಕೆ ಬೈರಿದೇವರಕೊಪ್ಪದ ಮನೆಯಿಂದ ಹೊರಟೆ. ಧಾರವಾಡಕ್ಕೆ ಹೋಗಬೇಕಾದವಳು ಮೊದಲು ಹಿಂದಕ್ಕೆ, ಬೆಂಗೇರಿಗೆ ಹೋದೆ. ಅಲ್ಲಿಂದ ಶಾಂತಕ್ಕನನ್ನು ಕರೆದೊಯ್ಯಬೇಕಿತ್ತು. ನಾಟಕ ಕಂಪನಿಯಲ್ಲಿ ನಲವತ್ತು ವರ್ಷ ಬಣ್ಣ ಹಚ್ಚಿದರೂ ಆಕೆಯ ಹೆಸರು ಒಂದು ಹ್ಯಾಂಡ್‌ಬಿಲ್ಲಿನಲ್ಲೂ ಬರಲಿಲ್ಲ, ಯಾವಾಗಲೂ ‘ಮತ್ತಿತರರು’. ಅಂದು ನಮ್ಮ ಸಿನಿಮಾ ಬಳಗ ತೋರಿಸಲಿದ್ದ ಜಪಾನಿನ ಮೂಕಿ ಚಿತ್ರಕ್ಕೆ ಆಕೆ ಪರದೆಯ ಪಕ್ಕ ನಿಂತು ಪಾತ್ರಗಳ ಮಾತು ಆಡಬೇಕು. ಆ ಕಾಲದಲ್ಲಿ ಜಪಾನಿನಲ್ಲೂ ಹಾಗೆಯೇ ಮಾಡುತ್ತಿದ್ದರಂತೆ. ಬಳಗದ ಹಿರಿಯ ಮಾಸ್ತರರು, ಕಂಪನಿ ಬಾಯಿಗೆ ಇದೆಲ್ಲ ಒಗ್ಗದು ಎಂದು ಮೂಗು ಮುರಿದಿದ್ದರು. ಹಟ ಹಿಡಿದವಳು ನಾನು. ಎಡವಿದರೆ ಇಬ್ಬರ ಮಾನವೂ ಹೋಗುತ್ತಿತ್ತು.

ಸಾದಾ ಬಸ್ಸು ಹತ್ತಿದೆವು. ಹೆಂಗಸರಿಬ್ಬರಿಗೂ ಶೂನ್ಯ ಟಿಕೆಟ್. ಬಿಸಿಲು ಆಗಲೇ ಚುರುಗುಟ್ಟುತ್ತಿತ್ತು. ಕಟ್ಟಿಸಿಕೊಂಡಿದ್ದ ಚುರುಮುರಿ ಗಿರ್ಮಿಟ್ ತಿನ್ನುತ್ತ ಚಿತ್ರದ ನಟಿ ಕಿಯೋಳ ಕಥೆಯನ್ನು ಮತ್ತೊಮ್ಮೆ ಹೇಳಿದೆ. ಆಗ ಅಲ್ಲಿ ಹೆಣ್ಣು ಪಾತ್ರಗಳೆಲ್ಲ ಗಂಡಸರವೇ. ಅವರ ತಲೆ ಬಾಚುತ್ತಿದ್ದ ಕಿಯೋ, ನಟನೊಬ್ಬ ಜ್ವರದಿಂದ ಮಲಗಿದ ದಿನ ಕ್ಯಾಮರಾದ ಮುಂದೆ ನಿಂತಳು. ಆಮೇಲೆ ಕೆಲವು ವರ್ಷ ದಾಸಿ, ದಾದಿ, ವಿಧವೆ. ಸಿನಿಮಾಕ್ಕೆ ಮಾತು ಬಂದಾಗ ಅವಳ ಹಳ್ಳಿ ಮಾತು ಬೇಡವೆಂದರು. ಮರಳಿ ತಲೆ ಬಾಚಲು ಹೋದಳು. ಉಳಿದದ್ದು ಇದೊಂದೇ ಚಿತ್ರ.

ಶಾಂತಕ್ಕ ಗಿರ್ಮಿಟ್ ಅರ್ಧಕ್ಕೇ ಬಿಟ್ಟಳು. ಸತ್ತೂರು ದಾಟುವವರೆಗೂ ಕಿಯೋಳ ಮಾತುಗಳನ್ನೇ ಒಪ್ಪಿಸಿಕೊಳ್ಳುತ್ತಿದ್ದಳು.

ಧಾರವಾಡ ತಲುಪಿದೆವು, ಆಟ ಶುರುವಾಯಿತು. ಬಂತಪ್ಪ ಫಜೀತಿ! ಕಿಯೋ ಬಾಗಿಲು ಹಾಕಿಕೊಂಡು ಹೋದರೂ ಶಾಂತಕ್ಕ ಅವಳ ಮಾತನ್ನು ಇನ್ನೂ ಎಳೆಯುತ್ತಿದ್ದಳು. ಹಿಂದಿನ ಸಾಲಿನವರು ನಕ್ಕರು. ಪ್ರೊಜೆಕ್ಟರ್ ಬಳಿ ಕೂತ ಮಾಸ್ತರರು ನನ್ನತ್ತ ನೋಡಿದರು. ಆದರೆ ಶಾಂತಕ್ಕನದು ಕಂಪನಿಯ ಜೀವ, ನಾಲ್ಕೇ ನಿಮಿಷದಲ್ಲಿ ಚಿತ್ರದ ಓಟ ಹಿಡಿಯಿತು. ಕೆಲಸ ಕಳೆದುಕೊಂಡ ದಾಸಿ ಕಿಯೋ ಒಡತಿಯ ಬಟ್ಟೆ ಮಡಚಿಟ್ಟು, ಹೊಸ್ತಿಲಲ್ಲಿ ತಿರುಗಿ ನಿಂತಳು. ಶಾಂತಕ್ಕ ಅವಳ ದನಿಯಾದಳು.

“ಹೋಗಿಬರ್ತೇನ್ರಿ ಬಾಯಾರ. ಇಷ್ಟು ವರ್ಷ ಈ ಮನ್ಯಾಗ ದುಡದೇನಿ. ಒಮ್ಮೆರೆ ನನ್ನ ಹೆಸರು ಹಿಡದು ಕರೀರಿ.”

ಮುಂದಿನ ಸಾಲಿನ ಅಜ್ಜನೊಬ್ಬ ಎದ್ದು “ಒನ್ಸ್ ಮೋರ್” ಎಂದು ಕೂಗಿದ. ಹತ್ತಾರು ದನಿ ಸೇರಿದವು. ಕಂಪನಿ ನಾಟಕದಲ್ಲಿ ಪ್ರೇಕ್ಷಕರು ಹಾಗೆ ಕೂಗಿದರೆ ಆ ದೃಶ್ಯವನ್ನು ಮತ್ತೆ ಆಡಲೇಬೇಕು. ಶಾಂತಕ್ಕ ಕಂಪನಿಯ ರೂಢಿಯಂತೆ ಮೊದಲಿನ ಜಾಗಕ್ಕೆ ಹೋಗಿ ನಿಂತೇಬಿಟ್ಟಳು. ಪರದೆಯ ಮೇಲೆ ಕಿಯೋ ಬೀದಿಗಿಳಿದಾಗಿತ್ತು. ಇವಳು ಮಾಸ್ತರರ ಕಡೆ ತಿರುಗಿದಳು.

“ಆಕೀನ್ನ ವಾಪಸ್ ಕರೀರಿ. ಮಂದಿ ಕೇಳಾಕತ್ತಾರ.”

ಮೂಗು ಮುರಿದಿದ್ದ ಮಾಸ್ತರರೇ ಚಿತ್ರ ಹಿಂದಕ್ಕೋಡಿಸಿದರು. ಕಿಯೋ ಮತ್ತೆ ಬಂದಳು, ಮತ್ತೆ ಬಟ್ಟೆ ಮಡಚಿದಳು, ಮತ್ತೆ ತಿರುಗಿ ನಿಂತಳು. ಚಪ್ಪಾಳೆಗೆ ಶಾಂತಕ್ಕನ ಮಾತೇ ಕೇಳಿಸಲಿಲ್ಲ. ನಾನು ನಾಚಿಕೆ ಬಿಟ್ಟು ಅತ್ತೆ.

ಸಂಜೆ ಮರಳುವ ಬಸ್ಸಿನಲ್ಲಿ ಉಳಿದ ಗಿರ್ಮಿಟ್ ಮೆತ್ತಗಾಗಿತ್ತು. ಶಾಂತಕ್ಕ ಅದನ್ನೇ ಚಪ್ಪರಿಸಿದಳು. ಪಾಪ, ಕಿಯೋಗೆ ಇದು ಮೊದಲ ಒನ್ಸ್ ಮೋರ್ ಇರಬೇಕು ಎಂದೆ.

“ನನಗೂ,” ಎಂದಳು ಶಾಂತಕ್ಕ.