ಪುಣ್ಯಾತ್ಮರ ಪುಸ್ತಕ ಓದುತ್ತಿದ್ದ ಶಾಲಿನಿಯಕ್ಕ

ಶಾಲಿನಿಯಕ್ಕ ಹುಳಿಗೆ ಒಗ್ಗರಣೆ ಹಾಕುತ್ತಲೇ ಮಾದಕವಸ್ತು ದೊರೆಗಳಿಗೆ ಸಹಸ್ರನಾಮ ಮಾಡುತ್ತಿದ್ದಳು. ಬ್ರಿಸ್ಬೇನಿನ ಟೂವಾಂಗ್‌ನಲ್ಲಿ ನಾವಿಬ್ಬರೂ ಒಂದೇ ಬಾಡಿಗೆ ಮನೆಯಲ್ಲಿದ್ದ ದಿನಗಳವು. ಮೈಸೂರಿನವಳು, ಕಳ್ಳಸಾಗಣೆಯ ದೊಡ್ಡ ಕುಳಗಳು ಜೈಲಿನಲ್ಲಿ ಕೂತು ಬರೆದುಕೊಂಡ ಆತ್ಮಕಥೆಗಳ ಮೇಲೆ ಪಿಎಚ್‌ಡಿ ಮಾಡುತ್ತಿದ್ದಳು. ಒಂದು ಕೈಯಲ್ಲಿ ಸೌಟು, ಇನ್ನೊಂದರಲ್ಲಿ ಪುಸ್ತಕ.

"ಕೇಳೇ ಇಲ್ಲಿ. ಊರಿಗೆ ಸ್ಕೂಲ್ ಕಟ್ಟಿಸಿದ್ನಂತೆ, ಅಮ್ಮನ ಕಾಲು ಒತ್ತುತಿದ್ನಂತೆ. ಕೊಲೆಗಳು ಮಾತ್ರ ತಾನಾಗೇ ಆಗ್ಬಿಟ್ವಂತೆ! ಯಾವ ಪುಸ್ತಕ ತೆಗೀ, ಎಲ್ಲಾ ಪುಣ್ಯಾತ್ಮರೇ."

ಯಾವ ಸಾಲಿನಿಂದ ಬುರುಡೆ ಶುರುವಾಯಿತೆಂದು ಥಟ್ಟನೆ ಹೇಳುತ್ತಿದ್ದಳು. ಅವಳ ಕಣ್ಣಿಗೆ ಮಣ್ಣೆರಚುವವರೇ ಇರಲಿಲ್ಲ, ತಮ್ಮ ಚೇತನ್ ಒಬ್ಬನನ್ನು ಬಿಟ್ಟು. ಅವನು ಪರ್ತ್‌ನಲ್ಲಿದ್ದ. ಭಾನುವಾರದ ವಿಡಿಯೋ ಕಾಲಿನಲ್ಲಿ ಅಕ್ಕ ಕೇಳುವಳು, "ಯಾಕೋ ಇಷ್ಟು ಸೊರಗಿದೀಯಾ?"

"ಪೆಟ್ರೋಲ್ ಬಂಕಲ್ಲಿ ನೈಟ್ ಶಿಫ್ಟ್ ಅಕ್ಕ. ಶನಿವಾರ ದೇವಸ್ಥಾನದಲ್ಲಿ ಬಡಿಸೋಕೆ ಹೋಗ್ತೀನಿ. ನಿದ್ದೆ ಎಲ್ಲಿ?"

"ನಮ್ಮ ಚೇತು ಚಿನ್ನ ಕಣೇ" ಎಂದು ಕಣ್ಣೊರೆಸಿಕೊಳ್ಳುವಳು. ನಾನೊಮ್ಮೆ ಬಾಯಿಬಿಟ್ಟೆ, "ಅಕ್ಕಾ, ಅವನ ಮುಖ ಯಾಕೋ ಸರಿ ಕಾಣ್ತಿಲ್ಲ. ಒಂದ್ಸಲ ಹೋಗಿ ನೋಡ್ಕೊಂಡ್ ಬಾ."

"ನನ್ನ ತಮ್ಮ ನಂಗೆ ಗೊತ್ತಿಲ್ವಾ?" ಎಂದು ಸಿಡುಕಿದಳು. ನನಗೂ ರೇಗಿತು, ಎರಡು ದಿನ ಮಾತು ಬಿಟ್ಟೆವು.

ಆ ಚಳಿಗಾಲದಲ್ಲೇ ಪರ್ತ್‌ನಿಂದ ಪೊಲೀಸರ ಕರೆ ಬಂತು. ಐಸ್ ಎಂಬ ಆ ಹಾಳು ಮಾದಕ ಹರಳು ಚೇತನ್‌ನನ್ನು ನುಂಗಿಬಿಟ್ಟಿತ್ತು. ಅಯ್ಯೋ, ಇಪ್ಪತ್ತಾರು ತುಂಬದ ಹುಡುಗ!

ಶಾಲಿನಿಯಕ್ಕನನ್ನು ನಾನು ಕಡೆಯ ಸಲ ನೋಡಿದ್ದು ಪರ್ತ್‌ನ ಕ್ಯಾನಿಂಗ್ಟನ್‌ನಲ್ಲಿ, ಅವನ ವೈಕುಂಠ ಸಮಾರಾಧನೆಯ ದಿನ. ಅದಾದ ಮೇಲೆ ಪಿಎಚ್‌ಡಿ ಬಿಟ್ಟು ಅಲ್ಲಿಂದಲೇ ಮೈಸೂರಿಗೆ ಹೊರಟುಹೋದಳು. ಸಮಾರಾಧನೆಯ ಬೆಳಿಗ್ಗೆ ಅಲ್ಲಿನ ದೇವಸ್ಥಾನದ ಅರ್ಚಕರು ಚೇತನ್‌ನ ಫೋಟೋ ನೋಡಿ, ನನ್ನೆದುರೇ ಅವಳಿಗೆ ಹೇಳಿದ್ದರು, "ಈ ಹುಡುಗನ್ನ ನಾವು ನೋಡೇ ಇಲ್ಲಮ್ಮ."

ಊಟಕ್ಕೆ ಮುಂಚೆ, ಹೋದವರ ಬಗ್ಗೆ ಯಾರಾದರೂ ನಾಲ್ಕು ಒಳ್ಳೆಯ ಮಾತು ಆಡಬೇಕಲ್ಲ. ಚೇತನ್‌ನ ರೂಮ್‌ಮೇಟ್ ನವೀನ ಎದ್ದು ನಿಂತ. ಅಕ್ಕನ ಮುಖ ನೋಡಿದ.

"ಚೇತು ಪ್ರತಿ ಶನಿವಾರ ದೇವಸ್ಥಾನದಲ್ಲಿ ಎಲ್ರಿಗೂ ಬಡಿಸ್ತಿದ್ದ..."

ಈಗ ಸಿಡಿಯುತ್ತಾಳೆ ಅಂದುಕೊಂಡೆ. ಅವಳು ಕುರ್ಚಿಯನ್ನು ಮುಂದಕ್ಕೆ ಎಳೆದುಕೊಂಡಳು.

"ಏನೇನು ಬಡಿಸ್ತಿದ್ದ?"

"ಅನ್ನ, ಸಾರು ಅಕ್ಕ."

"ಸಾರು ಬಿಸಿ ಇರ್ತಿತ್ತಾ?"

"ಬಿಸಿಬಿಸಿ, ಅಕ್ಕ."

ಅವಳು ನವೀನನ ಕೈ ಹಿಡಿದುಕೊಂಡಳು.

"ಇನ್ನೂ ಹೇಳೋ, ನಿಲ್ಲಿಸ್ಬೇಡ."