ಒಡೆತದ ಲೆಕ್ಕ, ಒಡೆತನದ ಲೆಕ್ಕ

ಬೆಳಗಿನ ಆರು ಗಂಟೆ. ಮೆಟ್ಟಿಲ ದೀಪ ಇನ್ನೂ ಆರಿಲ್ಲ. ಎದೆಯೆತ್ತರದ ಗಾಜೊಂದನ್ನು ಬಲಭುಜಕ್ಕೆ ಆನಿಸಿಕೊಂಡು ಗಾಜಣ್ಣ ಒಂದೊಂದೇ ಮೆಟ್ಟಿಲು ಹತ್ತುತ್ತಿದ್ದಾರೆ. ಕೈಯಲ್ಲಿ ದಪ್ಪ ಚರ್ಮದ ಗವಸು, ಗಾಜಿನ ಕೆಳಅಂಚಿಗೆ ಸೀಳಿದ ಹಳೆಯ ರಬ್ಬರ್ ಕೊಳವೆ. ಪ್ರತಿ ತಿರುವಿನಲ್ಲಿ ನಿಂತು, ಉಸಿರು ಬಿಗಿಹಿಡಿದು, ಮಲಗಿದ ಮಗುವನ್ನು ಈ ತೋಳಿನಿಂದ ಆ ತೋಳಿಗೆ ಬದಲಿಸಿಕೊಳ್ಳುವಂತೆ ಗಾಜನ್ನು ತಿರುಗಿಸಿಕೊಳ್ಳುತ್ತಾರೆ. ಇಪ್ಪತ್ತೇಳು ಕಿಲೋ ಭಾರ. ಇಂಥವು ಇವತ್ತು ಐದು ಮೇಲೇರಬೇಕು. ಲಿಫ್ಟ್ ಇದೆ, ಆದರೆ ಅದರೊಳಗೆ ಇಷ್ಟಗಲದ ಗಾಜು ಹಿಡಿಸದು.

ಎರಡನೇ ಮಹಡಿಯಲ್ಲಿ ಅವರದೇ ಮನೆಯ ಬಾಗಿಲು. ಅದರತ್ತ ನೋಡದೆ ದಾಟಿ ಮುಂದೆ ಹತ್ತುತ್ತಾರೆ. ಇವತ್ತಿನ ಕೆಲಸ ನಾಲ್ಕನೇ ಮಹಡಿಯಲ್ಲಿ. ಷಡ್ಡಕನ ಮನೆಯ ಬಾಲ್ಕನಿಗೆ ಗಾಜು ಕೂರಿಸುವುದು.

"ಊರಿಗೆಲ್ಲ ಗಾಜು ಹಾಕಿದೀನಿ, ಯಾವತ್ತೂ ಭಾರ ಅನ್ನಿಸಿಲ್ಲ" ಎನ್ನುತ್ತಾರೆ, ಗೋಡೆಗೆ ಬೆನ್ನು ಕೊಟ್ಟು. "ಇವತ್ತು ಅನ್ನಿಸ್ತಿದೆ. ಸುಳ್ಳು ಯಾಕೆ ಹೇಳಲಿ, ಹೊಟ್ಟೆ ಉರೀತಿದೆ."

ಈ ಬಡಾವಣೆಯಲ್ಲಿ ಕಿಟಕಿಯಿಂದ ಹೊರಗೆ ನೋಡುವ ಬಹುಪಾಲು ಜನ ಗಾಜಣ್ಣನ ಕೈಕೆಲಸದ ಮೂಲಕವೇ ನೋಡುತ್ತಾರೆ. ಆದರೆ ಗಾಜಿನ ಕೆಲಸ ಚೆನ್ನಾಗಿ ಆಗಿದ್ದರೆ ಅದು ಕಣ್ಣಿಗೆ ಬೀಳುವುದೇ ಇಲ್ಲ. ಮೂವತ್ತೈದು ವರ್ಷದಿಂದ ಅವರು ಮಾಡುತ್ತಿರುವುದು ಈ ಕಾಣದ ಕೆಲಸವನ್ನು. ಒಳ್ಳೆಯ ದಿನದಲ್ಲಿ ಎಂಟು ಕಿಟಕಿ. ಗಾಳಿ ಜೋರಾದ ದಿನ ಒಂದೂ ಇಲ್ಲ, ಗಾಜು ಹಿಡಿದವನನ್ನು ಗಾಳಿ ಹಾಯಿಯಂತೆ ಎಳೆದುಕೊಂಡು ಹೋಗುತ್ತದೆ. ಎಡಗೈಯ ಎರಡು ಬೆರಳು ಪೂರ್ತಿ ಮಡಚುವುದಿಲ್ಲ. ಹಿಂದೊಮ್ಮೆ ನರ ಕತ್ತರಿಸಿ ಎರಡು ತಿಂಗಳು ಮನೆಯಲ್ಲಿ ಕೂರಬೇಕಾಗಿ ಬಂದಿತ್ತು. ಒಡೆದ ಚೂರುಗಳನ್ನು ಅವರು ಹಾಗೇ ತೊಟ್ಟಿಗೆ ಸುರಿಯುವುದಿಲ್ಲ. ಪ್ರತಿ ಚೂರಿನ ಅಂಚಿಗೂ ಟೇಪು ಸುತ್ತಿ, ರಟ್ಟಿನ ಪೆಟ್ಟಿಗೆಗೆ ಹಾಕಿ, ಮೇಲೆ 'ಗಾಜು' ಎಂದು ದಪ್ಪಕ್ಷರದಲ್ಲಿ ಬರೆದು ಇಡುತ್ತಾರೆ. ಕಸ ಒಯ್ಯುವವರಿಗೂ ಬೆರಳಿದೆಯಲ್ಲ ಎಂಬುದು ಅವರ ಕಾಳಜಿ.

ಇಷ್ಟು ಮೆತ್ತಗಿನ ಮನುಷ್ಯನ ಹೊಟ್ಟೆಯಲ್ಲಿ ಕೆಂಡ ಇಟ್ಟಿರುವುದು ಷಡ್ಡಕನ ಮನೆ. ಅಕ್ಕನನ್ನು ಗಾಜಣ್ಣ, ತಂಗಿಯನ್ನು ಬಸ್ ಡ್ರೈವರ್ ಮದುವೆಯಾಗಿದ್ದಾರೆ. ಹದಿನೈದು ವರ್ಷದ ಹಿಂದೆ ಇಬ್ಬರೂ ಒಂದೇ ಕಟ್ಟಡದಲ್ಲಿ, ಒಂದೇ ಅಳತೆಯ ಮನೆ ಕೊಂಡರು. ಸಾಲವೂ ಒಂದೇ ಬ್ಯಾಂಕಿನದು, ಇಬ್ಬರದೂ ಇಪ್ಪತ್ತು ಲಕ್ಷ, ನೂರಕ್ಕೆ ಎಂಟೂವರೆ ಬಡ್ಡಿ. ವ್ಯತ್ಯಾಸ ಒಂದೇ. ಡ್ರೈವರ್ ಹದಿನೈದು ವರ್ಷಕ್ಕೆ ತೀರಿಸುತ್ತೇನೆಂದು ತಿಂಗಳಿಗೆ ಹತ್ತೊಂಬತ್ತು ಸಾವಿರದ ಏಳುನೂರರ ಕಂತು ಹೊತ್ತರು. ಗಾಜಣ್ಣ ಮೂವತ್ತು ವರ್ಷ ಕೇಳಿ, ಹದಿನೈದು ಸಾವಿರದ ನಾನೂರಕ್ಕೆ ಇಳಿಸಿಕೊಂಡರು. ಆಗ ಇಡೀ ಮನೆತನದಲ್ಲಿ ಜಾಣ ಎನ್ನಿಸಿಕೊಂಡವರು ಗಾಜಣ್ಣ. ಫ್ರಿಜ್ ಬಂತು, ಸೋಫಾ ಬಂತು, ಒಂದು ವರ್ಷ ಹೆಂಡತಿ ಮಕ್ಕಳನ್ನು ಕರೆದುಕೊಂಡು ಸಮುದ್ರ ನೋಡಿ ಬಂದರು. ಮೇಲಿನ ಮನೆಯಲ್ಲಿ ನೆಲದ ಮೇಲೆ ಚಾಪೆ, ಬಾಲ್ಕನಿಗೆ ಪ್ಲಾಸ್ಟಿಕ್ ಹಾಳೆ. ಗಾಳಿ ಬೀಸಿದಾಗ ಆ ಹಾಳೆ ಪಟಪಟ ಹೊಡೆದುಕೊಳ್ಳುವ ಸದ್ದು ಎರಡು ಮಹಡಿ ಕೆಳಗಿನವರೆಗೂ ಬರುತ್ತಿತ್ತು. "ನಿನ್ನ ಗಂಡನ ಹಡಗು ಹೊರಟಿತು ನೋಡು" ಎಂದು ನಾದಿನಿಯನ್ನು ಗಾಜಣ್ಣ ರೇಗಿಸುತ್ತಿದ್ದರು.

ಕಳೆದ ತಿಂಗಳು ಆ ಹಡಗು ದಡ ಮುಟ್ಟಿತು. ಸಾಲ ತೀರಿತು, ಮನೆಯ ಪತ್ರ ಕೈಗೆ ಬಂತು. ಕೂಡಲೇ ಡ್ರೈವರ್ ಕೆಳಗಿಳಿದು ಬಂದು, ಬಾಲ್ಕನಿಗೆ ಗಾಜು ನೀವೇ ಹಾಕಬೇಕಣ್ಣ, ಬೇರೆಯವರ ಕೈಗೆ ಕೊಡಲ್ಲ ಎಂದರು. ಪ್ರೀತಿಯಿಂದ ಹೇಳಿದ ಮಾತೇ. ಗಾಜಣ್ಣನಿಗೆ ಅವತ್ತು ಊಟ ಸೇರಲಿಲ್ಲ.

ಹಾಗೆಂದು ಕೆಲಸದಲ್ಲಿ ಕೈ ತಪ್ಪುವುದಿಲ್ಲ. ಚೌಕಟ್ಟನ್ನು ಮೇಲೆ, ನಡುವೆ, ಕೆಳಗೆ ಮೂರು ಕಡೆ ಅಳೆಯುತ್ತಾರೆ, ಯಾವ ಗೋಡೆಯೂ ನೆಟ್ಟಗಿರುವುದಿಲ್ಲ ಎಂಬುದು ಅವರ ಅನುಭವ. ಅಳತೆಗಿಂತ ಕೂದಲೆಳೆಯಷ್ಟು ಚಿಕ್ಕದಾಗಿ ಕತ್ತರಿಸಿದ ಗಾಜು ಒಳಗೆ ಜಾರಿ ಕೂರುತ್ತದೆ. ಬಿಸಿಲಿಗೆ ಹಿಗ್ಗಲು ಜಾಗ ಬೇಕು. ಅಂಚಿಗೆ ರಬ್ಬರ್ ಪಟ್ಟಿ ಒತ್ತುತ್ತಾ, ಯಾರಿಗೂ ಕೇಳಿಸದಂತೆ ಹೇಳುತ್ತಾರೆ: ಮುಂದಿನ ವಾರ ಎರಡನೇ ಮಹಡಿಯ ತಮ್ಮ ಬಾಲ್ಕನಿಗೂ ಗಾಜು ಬರಲಿದೆ. ಇದಕ್ಕಿಂತ ಎರಡು ಮಿಲಿಮೀಟರ್ ಹೆಚ್ಚು ದಪ್ಪದ್ದು, ಸ್ವಲ್ಪ ನೀಲಿ ಛಾಯೆಯದ್ದು.

ದುಡ್ಡಿನ ದಾರಿಯನ್ನು ಬ್ಯಾಂಕೇ ತೋರಿಸಿದೆ. ಅಂಗಿಯ ಜೇಬಿನಲ್ಲಿ ಅದರ ಕಾಗದವಿದೆ. ಹಳೆಯ ಸಾಲಕ್ಕೆ ಎರಡು ಲಕ್ಷ ಸೇರಿಸಿ, ಒಟ್ಟನ್ನು ಇಪ್ಪತ್ತೈದು ವರ್ಷಕ್ಕೆ ಹೊಸದಾಗಿ ಹರಡಿದರೆ ಕಂತು ಹದಿನಾಲ್ಕು ಸಾವಿರದ ಇನ್ನೂರಕ್ಕೆ ಇಳಿಯುತ್ತದಂತೆ. "ಕೈಗೆ ಎರಡು ಲಕ್ಷ ಕೊಡ್ತಾರೆ, ಮೇಲಿಂದ ಕಂತೂ ಕಡಿಮೆ ಮಾಡ್ತಾರೆ. ಯಾರಿಗುಂಟು ಯಾರಿಗಿಲ್ಲ!" ಇವತ್ತು ಹನ್ನೊಂದು ಗಂಟೆಗೆ ಹೋಗಿ ಸಹಿ ಹಾಕಬೇಕು. ಆಮೇಲೆ ಮೇಲಿನವರು ಕೆಳಗೆ ಬಗ್ಗಿ ನೋಡಲಿ.

ಮೂವತ್ತು ವರ್ಷದ ಸಾಲವನ್ನು ಅಷ್ಟು ನಿರಾಳವಾಗಿ ಅವರು ತೆಗೆದುಕೊಂಡದ್ದಕ್ಕೆ ಅವರ ಕಸುಬೇ ಕಾರಣ. ಗಾಜಿನ ವ್ಯಾಪಾರದಲ್ಲಿ 'ಒಡೆತ' ಎಂಬ ಲೆಕ್ಕವಿದೆ. ಅಂಗಡಿಯಿಂದ ಗಾಜು ಹೊರಡುವಾಗ, ದಾರಿಯಲ್ಲಿ ಒಡೆಯುವುದಕ್ಕೆಂದು ನೂರಕ್ಕೆ ಹತ್ತು ಸೇರಿಸಿ ಬೆಲೆ ಹೇಳುತ್ತಾರೆ. ಒಂದೇ ಸಲ. ಕೆಲಸ ಒಂದು ದಿನ ಹಿಡಿಯಲಿ, ಒಂದು ವರ್ಷ ಹಿಡಿಯಲಿ, ಆ ಹತ್ತು ಹನ್ನೊಂದಾಗುವುದಿಲ್ಲ. ಬ್ಯಾಂಕಿನವರು ನೂರಕ್ಕೆ ಎಂಟೂವರೆ ಎಂದಾಗ ಗಾಜಣ್ಣ ಮನಸ್ಸಿನಲ್ಲೇ ನಕ್ಕಿದ್ದರು. ನಮ್ಮ ಒಡೆತಕ್ಕಿಂತ ಕಡಿಮೆ! ಹದಿನೈದು ವರ್ಷಕ್ಕೂ ಅದೇ, ಮೂವತ್ತು ವರ್ಷಕ್ಕೂ ಅದೇ ಅಂದ ಮೇಲೆ ಷಡ್ಡಕನಿಗೆ ಅಷ್ಟು ಅವಸರ ಯಾಕೆ, ತಲೆ ಕೆಟ್ಟಿದೆಯೆ ಎಂದುಕೊಂಡಿದ್ದರು. ಆಮೇಲೆ ತಿಂಗಳ ಕಂತು ಬಿಟ್ಟು ಬೇರೆ ಲೆಕ್ಕದ ಕಡೆ ತಿರುಗಿ ನೋಡಿದವರಲ್ಲ.

ಬ್ಯಾಂಕಿನಲ್ಲಿ ಅವರಿಗೆ ಸಿಕ್ಕಿದ್ದು ತಲೆಗೂದಲನ್ನು ಎಳೆದು ಕಟ್ಟಿದ, ನೆಗಡಿಯಿಂದ ಮೂಗು ಕೆಂಪಾಗಿದ್ದ ಒಬ್ಬ ಗುಮಾಸ್ತೆ. ಕಾಗದ ಸಿದ್ಧವಿತ್ತು, ಪಕ್ಕದಲ್ಲಿ ಪೆನ್ನು. ಸುಮ್ಮನೆ ಮಾತಿಗೆಂದು ಗಾಜಣ್ಣ ಕೇಳುತ್ತಾರೆ: "ಹದಿನೈದು ವರ್ಷ ಕಟ್ಟಾಯ್ತಮ್ಮ, ಅರ್ಧ ದಾರಿ. ಇನ್ನು ಹತ್ತು ಲಕ್ಷ ಇರಬಹುದಲ್ವಾ?"

ಅವಳು ಪರದೆ ನೋಡಿ ಹೇಳುತ್ತಾಳೆ. ಹದಿನೈದು ಲಕ್ಷದ ಅರವತ್ತು ಸಾವಿರ.

ಬೇರೆ ಯಾರದೋ ಖಾತೆ ತೆಗೆದಿರಬೇಕು, ಇನ್ನೊಮ್ಮೆ ನೋಡಮ್ಮ ಎನ್ನುತ್ತಾರೆ ಗಾಜಣ್ಣ. ಖಾತೆ ಅವರದೇ. ಅವರು ತಮ್ಮ ಒಡೆತದ ಲೆಕ್ಕವನ್ನು ಬಿಡಿಸಿ ಹೇಳುವುದನ್ನು ಗುಮಾಸ್ತೆ ಪೂರ್ತಿ ಕೇಳಿಸಿಕೊಳ್ಳುತ್ತಾಳೆ. ಹಿಂದೆ ಸಾಲಿನಲ್ಲಿ ನಾಲ್ಕು ಜನ ನಿಂತಿದ್ದಾರೆ. ಅವಳು ನಗುವುದಿಲ್ಲ. ಅವರ ಮುಂದಿದ್ದ ಪೆನ್ನನ್ನು ಮಾತ್ರ ಮೆಲ್ಲಗೆ ತನ್ನ ಕಡೆಗೆ ಎಳೆದುಕೊಳ್ಳುತ್ತಾಳೆ. ಇಂಥ ಸಹಿಗಳನ್ನು ಹಾಕಿಸುವುದೇ ಅವಳ ಕೆಲಸ.

"ನಿಮ್ಮ ಒಡೆತ ಒಂದು ಸಲದ್ದು. ಬಡ್ಡಿ ಹಾಗಲ್ಲ. ಇನ್ನೂ ತೀರದೆ ಉಳಿದಿರೋ ಸಾಲದ ಮೇಲೆ ಪ್ರತಿ ತಿಂಗಳೂ ಹೊಸದಾಗಿ ಹುಟ್ಟುತ್ತೆ" ಎಂದು, ಪರದೆಯನ್ನು ಅವರತ್ತ ತಿರುಗಿಸುತ್ತಾಳೆ. ಮೊದಲ ತಿಂಗಳು ಕಟ್ಟಿದ ಹದಿನೈದು ಸಾವಿರದ ನಾನೂರರಲ್ಲಿ ಅಸಲಿಗೆ ಹೋದದ್ದು ಸಾವಿರದ ಇನ್ನೂರು ಮಾತ್ರ. ಮಿಕ್ಕಿದ್ದೆಲ್ಲ ಬಡ್ಡಿ. ಕಂತು ಚಿಕ್ಕದಾದಷ್ಟೂ ಅಸಲು ಅಲುಗಾಡುವುದು ತಡ. ಅಸಲು ಕೂತಷ್ಟು ಕಾಲ ಬಡ್ಡಿಯೂ ಪಕ್ಕದಲ್ಲೇ ಕೂತಿರುತ್ತದೆ. ಈಗಿನ ಹಾಗೆಯೇ ಕಟ್ಟಿಕೊಂಡು ಹೋದರೆ ಇನ್ನು ಇಪ್ಪತ್ತೇಳು ಮುಕ್ಕಾಲು ಲಕ್ಷ ಕಟ್ಟಬೇಕು. ಜೇಬಿನ ಕಾಗದದಂತೆ ಹೋದರೆ ನಲವತ್ತೆರಡೂವರೆ ಲಕ್ಷ. ಕೈಗೆ ಸಿಗುವ ಎರಡು ಲಕ್ಷಕ್ಕಾಗಿ ಹದಿನೈದು ಲಕ್ಷದ ಹತ್ತಿರ ಜಾಸ್ತಿ. ಕೊನೆಯ ಕಂತಿನ ಹೊತ್ತಿಗೆ ಗಾಜಣ್ಣನಿಗೆ ಎಪ್ಪತ್ತನಾಲ್ಕು.

ಗಾಜಣ್ಣ ಪರದೆಯ ಮೇಲಿನ ಅಂಕಿಗಳನ್ನು ಬೆರಳಿಟ್ಟು ಇನ್ನೊಮ್ಮೆ ಓದುತ್ತಾರೆ. ಆಮೇಲೆ ಕೇಳುವ ಪ್ರಶ್ನೆ ತಮ್ಮ ಬಗ್ಗೆಯಲ್ಲ. ಷಡ್ಡಕ ಒಟ್ಟು ಎಷ್ಟು ಕಟ್ಟಿದ?

ಬೇರೆಯವರ ಖಾತೆಯ ವಿಷಯ ಹೇಳುವಂತಿಲ್ಲ ಎನ್ನುತ್ತಾಳೆ ಗುಮಾಸ್ತೆ. ಆದರೆ ಯಾರೇ ಆಗಲಿ, ಅಷ್ಟೇ ಸಾಲವನ್ನು ಅದೇ ಬಡ್ಡಿಗೆ ಹದಿನೈದು ವರ್ಷದಲ್ಲಿ ತೀರಿಸಿದರೆ ಮೂವತ್ತೈದೂವರೆ ಲಕ್ಷ ಆಗುತ್ತದೆ. ಮೂವತ್ತು ವರ್ಷ ಎಳೆದರೆ ಐವತ್ತೈದು ದಾಟುತ್ತದೆ.

"ಇಪ್ಪತ್ತು ಲಕ್ಷ ವ್ಯತ್ಯಾಸ" ಎನ್ನುತ್ತಾರೆ ಗಾಜಣ್ಣ. "ನಾವು ಸಾಲ ತಗೊಂಡಿದ್ದೇ ಇಪ್ಪತ್ತು. ಅಂದ್ರೆ ಅವನು ಕಟ್ಟಿದ್ದು ಒಂದು ಮನೆಗೆ. ನಾನು ಎರಡನೇ ಮನೆಗೂ ಕಟ್ತಾ ಇದೀನಿ, ಆ ಮನೆ ಎಲ್ಲಿದೆ ಅಂತ ಮಾತ್ರ ಗೊತ್ತಿಲ್ಲ."

ಕಾಗದವನ್ನು ಮಡಚಿ ಮತ್ತೆ ಜೇಬಿಗೆ ಹಾಕಿಕೊಂಡು ಹೊರಬರುತ್ತಾರೆ. ಸಹಿ ಹಾಕಿಲ್ಲ, ಹರಿದು ಹಾಕಿಯೂ ಇಲ್ಲ. ದಾರಿಯಲ್ಲಿ ಪಾತ್ರೆ ಅಂಗಡಿಯ ದೊಡ್ಡ ಗಾಜಿನ ಮುಂದೆ, ತಾವೇ ಕೂರಿಸಿದ ಗಾಜಿನ ಮುಂದೆ, ನಿಲ್ಲುತ್ತಾರೆ. ಹೊಟ್ಟೆಯುರಿ ಕಡಿಮೆಯಾಗಿಲ್ಲ, ಜಾಗ ಬದಲಿಸಿದೆ ಅಷ್ಟೆ. ಬೆಳಿಗ್ಗೆ ಅದು ಬಾಲ್ಕನಿಯ ಮೇಲಿತ್ತು. ಈಗ ಷಡ್ಡಕ ಚಾಪೆಯ ಮೇಲೆ ಕಳೆದ ಹದಿನೈದು ವರ್ಷದ ಮೇಲಿದೆ. ಬಾಲ್ಕನಿಯಾದರೆ ದುಡ್ಡು ಕೊಟ್ಟು ಕೊಳ್ಳಬಹುದಿತ್ತು.

ಮನೆಯಲ್ಲಿ ಹೆಂಡತಿ ಆಗಷ್ಟೇ ಬೆಳಗಿನ ಪಾಳಿ ಮುಗಿಸಿ ಬಂದಿದ್ದಾರೆ. ಆಸ್ಪತ್ರೆಯ ಲಾಂಡ್ರಿಯಲ್ಲಿ ಪಾಳಿಯಿಡೀ ಹೊದಿಕೆ ಮಡಚುವ ಕೆಲಸ ಅವರದು. ಬಂದ ತಕ್ಷಣ ಮಾಡುವುದು ಒಂದು ಬೋಗುಣಿ ಬಿಸಿನೀರು ಕಾಯಿಸಿ ಗಂಡನ ಮುಂದಿಡುವುದು, ಆ ಮಡಚದ ಬೆರಳುಗಳಿಗೆ. ಗಂಡ ಕೈ ಅದ್ದಿಕೊಂಡು ಹೇಳಿದ್ದನ್ನೆಲ್ಲ ಕೇಳಿ, ಅವರು ನಿಟ್ಟುಸಿರು ಬಿಡುವುದಿಲ್ಲ, ಬೈಯುವುದೂ ಇಲ್ಲ.

"ಇವರಿಗೆ ಒಡೆತ ಗೊತ್ತು, ಒಡೆತನ ಗೊತ್ತಿಲ್ಲ" ಎನ್ನುತ್ತಾರೆ ನಗುತ್ತಾ. ಆಮೇಲೆ ನೀರಿಗೆ ಇನ್ನಷ್ಟು ಬಿಸಿ ಬೆರೆಸಿ, ತಂಗಿಯ ಮೇಲೆ ತನಗೇನೂ ಪ್ರೀತಿ ಉಕ್ಕುತ್ತಿಲ್ಲ ಎಂದೂ ಸೇರಿಸುತ್ತಾರೆ. ಪತ್ರ ಬಂದ ದಿನದಿಂದ ಅವಳು ಮೆಟ್ಟಿಲು ಇಳಿಯುವ ಸದ್ದೇ ಬೇರೆಯಾಗಿದೆಯಂತೆ. "ಆದ್ರೆ ಅವಳನ್ನ ನೋಡಿ ನಾವು ಸಹಿ ಹಾಕಿದ್ರೆ, ನಿಮಗೆ ಎಪ್ಪತ್ತನಾಲ್ಕಾದಾಗ ಗಾಜು ಹೊರೋಳು ನಾನು. ಮೇಲೆ ಹೋಗಿ ಅವನನ್ನೇ ಕೇಳಿ, ಹೇಗೆ ಮಾಡಿದೆ ಅಂತ."

ಎಷ್ಟೋ ಭಾರ ಹೊತ್ತ ಮನುಷ್ಯನಿಗೆ ಈ ಒಂದು ಪ್ರಶ್ನೆ ಎತ್ತಲಾಗುವುದಿಲ್ಲ. ಇಷ್ಟು ವರ್ಷ ನಗೆಯಾಡಿದವನ ಬಾಗಿಲಲ್ಲಿ ನಿಂತು ಬುದ್ಧಿ ಕೇಳುವುದು ಹೇಗೆ? ಸಂಜೆ ಅಂಚುಗಳಿಗೆ ಅಂಟು ಬಳಿಯುವ ಕೆಲಸ ಉಳಿದಿತ್ತು, ಆ ನೆಪದಲ್ಲಿ ಹತ್ತುತ್ತಾರೆ. ಡ್ರೈವರ್ ಪಾಳಿ ಮುಗಿಸಿ ಬಂದು ಹೊಸ ಗಾಜಿನ ಮುಂದೆ ಕುರ್ಚಿ ಹಾಕಿಕೊಂಡು ಕೂತಿದ್ದಾರೆ. ನಾದಿನಿ ಮಜೂರಿಯ ದುಡ್ಡು ತಂದು ಕೊಡುತ್ತಾರೆ. ಸಂಬಂಧಿಕರಿಗೆಂದು ಬಿಡುವ ರಿಯಾಯಿತಿಯನ್ನು ಗಾಜಣ್ಣ ಈ ಸಲ ಬೇಕೆಂದೇ ಬಿಟ್ಟಿರಲಿಲ್ಲ. ಅದು ಆಕೆಗೂ ಗೊತ್ತಿದೆ, ಪೂರ್ತಿ ಎಣಿಸಿ ಕೊಡುತ್ತಾರೆ, "ಭಾವ, ಟೀ ಕುಡಿದೇ ಹೋಗಿ" ಎನ್ನುತ್ತಾರೆ.

ಅಂಟು ಎಳೆಯುತ್ತಾ, ಗಾಜಿನ ಕಡೆಗೇ ಮುಖ ಮಾಡಿ ಗಾಜಣ್ಣ ಕೇಳುತ್ತಾರೆ: "ತಿಂಗಳಿಗೆ ನಾಲ್ಕು ಸಾವಿರದ ಮುನ್ನೂರು. ನನಗಿಂತ ಜಾಸ್ತಿ ಕಟ್ಟಿದೆಯಲ್ಲ. ಹೇಗೆ ಹೊಂದಿಸಿದೆ?"

ಡ್ರೈವರ್ ಬುದ್ಧಿ ಹೇಳುವುದಿಲ್ಲ. ರಜೆಯ ದಿನವೂ ಬಸ್ ಓಡಿಸಿದ್ದನ್ನು, ಎಂಟು ವರ್ಷ ಫ್ರಿಜ್ ಇಲ್ಲದೆ ಹಾಲನ್ನು ಕೆಳಗಿನ ಮನೆಯಲ್ಲಿ ಇಡುತ್ತಿದ್ದುದನ್ನು ಹೇಳುತ್ತಾರೆ. ಆಮೇಲೆ, "ನಿಮ್ಮ ಫ್ರಿಜ್ ಬಾಗಿಲು ತೆಗೆದಾಗೆಲ್ಲ ನನಗೆ ಹೊಟ್ಟೆ ಉರೀತಿತ್ತು ಅಣ್ಣ. ನೀವು ಸಮುದ್ರ ನೋಡ್ಕೊಂಡು ಬಂದ್ರಲ್ಲ, ಆಮೇಲೆ ಒಂದು ತಿಂಗಳು ನಿಮ್ಮ ಜೊತೆ ಸರಿಯಾಗಿ ಮಾತಾಡಲಿಲ್ಲ ನಾನು" ಎನ್ನುತ್ತಾರೆ.

ಅಂಟಿನ ಕೊಳವೆ ನಿಲ್ಲುತ್ತದೆ. ಆಗ ಷಡ್ಡಕನಿಗೆ ಹುಷಾರಿಲ್ಲವೇನೋ ಎಂದುಕೊಂಡು ಗಾಜಣ್ಣ ಹಣ್ಣು ಕೊಟ್ಟು ಕಳಿಸಿದ್ದರು. "ಒಂದು ತಿಂಗಳಾ?" ಎನ್ನುತ್ತಾರೆ ತಿರುಗಿ. "ಪೂರ್ತಿ ಒಂದು ತಿಂಗಳು?"

"ಪೂರ್ತಿ. ಹಣ್ಣನ್ನೂ ತಿನ್ನಲಿಲ್ಲ. ಇವಳು ತಿಂದಳು."

ಇಡೀ ದಿನದಲ್ಲಿ ಗಾಜಣ್ಣನ ಮುಖ ಅರಳಿದ್ದು ಆಗಲೇ. ಅಂಟು ಬಳಿದು ಮುಗಿಸಿ, ಬೆರಳಿನಿಂದ ಅಂಚು ತೀಡಿ, ಎರಡು ಲೋಟ ಟೀ ಕುಡಿದು ಕೆಳಗಿಳಿಯುತ್ತಾರೆ. ಮನೆಗೆ ಬಂದವರೇ ಜೇಬಿನ ಕಾಗದವನ್ನು ನಾಲ್ಕು ಚೂರು ಮಾಡುತ್ತಾರೆ. ಷಡ್ಡಕ ಕೊಟ್ಟ ಮಜೂರಿ ನಾಳೆಯೇ ಅಸಲಿಗೆ ಜಮೆಯಾಗಬೇಕು. ಹೆಂಡತಿಯ ಹೆಚ್ಚುವರಿ ಪಾಳಿ, ತಮ್ಮ ಭಾನುವಾರಗಳು ಸೇರಿದರೆ ತಿಂಗಳಿಗೆ ನಾಲ್ಕು ಸಾವಿರದ ಮುನ್ನೂರು ಹೊಂದಿಸಬಹುದು. ಹಾಗೆ ಕಟ್ಟಿದರೆ ಹದಿನೈದರ ಬದಲು ಹತ್ತು ವರ್ಷದೊಳಗೆ ತೀರುತ್ತದೆಂದು ಗುಮಾಸ್ತೆ ಲೆಕ್ಕ ಹಾಕಿಕೊಟ್ಟಿದ್ದಾಳೆ. ಗಾಜಣ್ಣನಿಗೀಗ ನಲವತ್ತೊಂಬತ್ತು.

"ಐವತ್ತೊಂಬತ್ತರವರೆಗೆ ಈ ಭುಜ ಗಾಜು ಹೊತ್ತರೆ ಸಾಕು" ಎನ್ನುತ್ತಾರೆ, ಬಲಭುಜವನ್ನು ಉಜ್ಜಿಕೊಳ್ಳುತ್ತಾ. "ಕೊನೇ ಕಂತು ಕಟ್ಟಿದ ದಿನ ಮೊದಲು ಅವನಿಗೇ ಹೇಳ್ತೀನಿ. ಅವನು ಸಂತೋಷ ಪಡ್ತಾನೆ, ಅದು ಗೊತ್ತು. ಸಂತೋಷ ಪಡೋಕೆ ಮುಂಚೆ ಒಂದು ನಿಮಿಷ ಅವನ ಹೊಟ್ಟೆ ಉರಿದರೆ ಸಾಕು. ಒಂದೇ ನಿಮಿಷ. ನಾನು ಜಾಸ್ತಿ ಕೇಳೋನಲ್ಲ."