ರೆಪ್ಪೆಗೆ ಅಂಟಿದ ಕಾಡಿಗೆ

ಅರವತ್ತರ ದಶಕದ ಮೊದಲ ವರ್ಷಗಳು. ನಮ್ಮ ಭಾಗ ಮುಂಬಯಿ ಪ್ರಾಂತ ಬಿಟ್ಟು ಮೈಸೂರು ರಾಜ್ಯಕ್ಕೆ ಸೇರಿ ಬಹಳ ಕಾಲವಾಗಿರಲಿಲ್ಲ. ಧಾರವಾಡದಲ್ಲಿ ನರ್ಸಿಂಗ್ ತರಬೇತಿ ಮುಗಿಸಿದ ನನಗೆ ದಾಂಡೇಲಿಯಲ್ಲಿ, ಕಾಗದದ ಗಿರಣಿಯ ಕಾರ್ಮಿಕರ ಚಾಳಿಗೆ ಹತ್ತಿರದ ಒಂದು ಸಣ್ಣ ದವಾಖಾನೆಯಲ್ಲಿ ಮೊದಲ ನೌಕರಿ ಸಿಕ್ಕಿತು. ಆಗ ನನಗೆ ಇಪ್ಪತ್ಮೂರು ವರ್ಷ. ಎರಡು ಕೋಣೆ, ಆರು ಹಾಸಿಗೆ, ಒಬ್ಬ ಡಾಕ್ಟರು, ನಾನು. ಬಿದಿರಿನ ಸಿಬಿರು ಚುಚ್ಚಿಕೊಂಡವರು, ಕಣ್ಣಿಗೆ ಸುಣ್ಣ ಸಿಡಿಸಿಕೊಂಡವರು, ಚಳಿಜ್ವರದವರು ಬರುತ್ತಿದ್ದರು. ಕೆಲಸ ನನಗೆ ಕಷ್ಟವಾಗಲಿಲ್ಲ. ನಿಧಾನವಾಗಿ ಮಾಡುವುದು ಮಾತ್ರ ಕಷ್ಟವಾಗಿತ್ತು. ಒಂದು ಬ್ಯಾಂಡೇಜ್ ಸುತ್ತುವಾಗಲೇ ಮುಂದಿನ ರೋಗಿಯ ಕಡೆ ನೋಡುತ್ತಿದ್ದೆ.

ಆ ಭಾನುವಾರ ಡಾಕ್ಟರು ಔಷಧಿ ತರಲು ಧಾರವಾಡಕ್ಕೆ ಹೋಗಿದ್ದರು. ಸೋಮವಾರ ಮಧ್ಯಾಹ್ನದ ರೈಲಿಗೆ ಮರಳುವವರಿದ್ದರು. ದವಾಖಾನೆ ಭಾನುವಾರ ಮಧ್ಯಾಹ್ನ ಒಂದಕ್ಕೆ ಮುಚ್ಚುತ್ತಿತ್ತು. ಹಳಿಯಾಳದಲ್ಲಿದ್ದ ನನ್ನ ಅಕ್ಕನಿಗೆ ಹೆರಿಗೆಯಾಗಿ ಒಂಬತ್ತು ದಿನ ಕಳೆದಿದ್ದರೂ ನಾನಿನ್ನೂ ಕೂಸಿನ ಮುಖ ನೋಡಿರಲಿಲ್ಲ. ಎರಡು ಗಂಟೆಗೆ ಹೊರಡುವ ಬಸ್ಸು ಹಿಡಿಯಬೇಕೆಂದು ಬೆಳಿಗ್ಗೆಯೇ ಚೀಲ ತುಂಬಿಟ್ಟಿದ್ದೆ. ಹನ್ನೆರಡೂವರೆಗೇ ಸೂಜಿಗಳನ್ನು ಕುದಿಸಿ ಎತ್ತಿಟ್ಟು, ಬಾಗಿಲ ಕಡೆ ನೋಡುತ್ತ ಕೂತಿದ್ದೆ.

ಹನ್ನೆರಡು ಮುಕ್ಕಾಲಿಗೆ ಒಬ್ಬ ಹೆಂಗಸು ಗಂಡನ ಕೈ ಹಿಡಿದು ನಡೆಸಿಕೊಂಡು ಬಂದಳು. ಬಗಲಲ್ಲಿ ನಾಲ್ಕು ತಿಂಗಳ ಕೂಸು. ಗಂಡನ ಮುಖಕ್ಕೆ ಗುಲಾಬಿ ಬಣ್ಣ, ತುಟಿಗೆ ಕೆಂಪು, ಮೈಮೇಲೆ ಗಂಡಸಿನ ಅಂಗಿ ಧೋತರ. ಎರಡೂ ಕಣ್ಣು ಊದಿ ಮುಚ್ಚಿಹೋಗಿದ್ದವು. ಮೈಯಿಂದ ಚಿಮಣಿ ಎಣ್ಣೆಯ, ಅಂದರೆ ಸೀಮೆಎಣ್ಣೆಯ ವಾಸನೆ ಬಡಿಯುತ್ತಿತ್ತು.

ಅವನ ಹೆಸರು ಈರಪ್ಪ, ಹೆಂಡತಿ ಗಂಗವ್ವ. ಧಾರವಾಡ ಕಡೆಯಿಂದ ಬಂದವರು. ಚಾಳಿನವರು ಕೂಡಿ ಒಂದು ನಾಟಕ ಕಲಿತಿದ್ದರು. ಚಾಳಿನ ಹೆಂಗಸರು ರಂಗದ ಮೇಲೆ ಬರುತ್ತಿರಲಿಲ್ಲ, ರಾಣಿಯ ಪಾರ್ಟು ಈರಪ್ಪನದು. ಅಂದು ಬೆಳಿಗ್ಗೆ ಹಳಿಯಾಳದಿಂದ ಫೋಟೋದವನನ್ನು ಕರೆಸಿ, ವೇಷ ಹಾಕಿಕೊಂಡು ಎಲ್ಲರೂ ಬಿಸಿಲಲ್ಲಿ ನಿಂತಿದ್ದರು. ತಾಲೀಮಿನಲ್ಲಿ ಬೆವರಿಗೆ ಕಾಡಿಗೆ ಇಳಿಯುತ್ತಿತ್ತೆಂದು ಈರಪ್ಪ ಈ ಸಲ ಒಂದು ಉಪಾಯ ಮಾಡಿದ್ದ. ಗಡ್ಡ ಮೀಸೆ ಅಂಟಿಸಲು ರಾಳವನ್ನು ಸ್ಪಿರಿಟ್ಟಿನಲ್ಲಿ ಕರಗಿಸಿ ಮಾಡಿದ ಅಂಟಿಗೆ ದೀಪದ ಮಸಿ ಕಲಸಿ, ಅದನ್ನೇ ಕಣ್ಣಂಚಿಗೂ ರೆಪ್ಪೆಗೂ ಎಳೆದಿದ್ದ. ಕಾಡಿಗೆ ಇಳಿಯಲಿಲ್ಲ. ಆಮೇಲೆ ಬಿಡಲೂ ಇಲ್ಲ. ಬಾವಿಯ ಹತ್ತಿರ ಬಟ್ಟೆ ಸಾಬೂನು ಹಚ್ಚಿ ಒರಟು ಟಾವೆಲಿನಿಂದ ತಿಕ್ಕಿದ. ಅದಕ್ಕೂ ಹೋಗದಿದ್ದಾಗ ಯಾರೋ ಹೇಳಿದರೆಂದು ಚಿಮಣಿ ಎಣ್ಣೆ ಹಚ್ಚಿದ.

"ಕಣ್ಣ ತೆರಿಯಾಕ ಆಗವಲ್ದು ಅಕ್ಕಾರ," ಎಂದ. "ನಾಳಿ ಮುಂಜಾನೆ ಎಂಟಕ್ಕ ನಾ ಗಿರಣ್ಯಾಗ ಕೂಡಬೇಕ್ರಿ."

ಯಾಕೆ ಕೂಡಬೇಕು ಎನ್ನುವುದನ್ನು ಗಂಗವ್ವ ಬಿಡಿಸಿ ಹೇಳಿದಳು. ಈರಪ್ಪ ಒಬ್ಬ ಗುತ್ತಿಗೆದಾರನ ಕೈಕೆಳಗೆ ಹದಿನಾಲ್ಕು ತಿಂಗಳಿಂದ ಸಾರ್ಟಿಂಗ್ ಕೆಲಸ ಮಾಡುತ್ತಿದ್ದ. ತಯಾರಾದ ಕಾಗದದ ಹಾಳೆಗಳನ್ನು ಒಂದೊಂದಾಗಿ ತಿರುವಿ, ಚುಕ್ಕೆ, ತೂತು, ಮಡಿಕೆ ಕಂಡದ್ದನ್ನು ಬೇರೆ ತೆಗೆಯುವ ಕೆಲಸ ಅದು. ಕೂತು ಮಾಡುವಂಥದ್ದು, ನೆರಳಿನಲ್ಲಿ ಮಾಡುವಂಥದ್ದು, ಆದರೆ ಪೂರ್ತಿ ಕಣ್ಣಿನ ಮೇಲೇ ನಿಂತದ್ದು. ಸೋಮವಾರ ಅಂಥ ಒಂಬತ್ತು ಜನರನ್ನು ದಿನವಿಡೀ ಹಾಳೆ ತಿರುವಲು ಕೂಡಿಸಿ, ಕಣ್ಣು ಪರೀಕ್ಷಿಸಿ, ಗಿರಣಿಯವರು ಐವರನ್ನು ಕಾಯಂ ಮಾಡುವವರಿದ್ದರು.

ಮೊದಲು ಚಿಮಣಿ ಎಣ್ಣೆ ತೊಳೆಯಬೇಕಿತ್ತು. ಕುದಿಸಿ ಆರಿಸಿದ ನೀರಿಗೆ ಚೂರು ಉಪ್ಪು ಹಾಕಿ, ಅವನನ್ನು ಬೆಂಚಿನ ಮೇಲೆ ಮಲಗಿಸಿ, ತಲೆ ಓರೆ ಮಾಡಿ, ಮೂಗಿನ ಕಡೆಯಿಂದ ಕಿವಿಯ ಕಡೆಗೆ ಸುರಿದೆ. ಒಂದು ಕಣ್ಣಿನ ನೀರು ಇನ್ನೊಂದಕ್ಕೆ ಹೋಗಬಾರದೆಂಬ ಕಾರಣಕ್ಕೆ ಹಾಗೆ ಮಾಡುತ್ತಾರೆ. ಒಂದೊಂದು ಕಣ್ಣಿಗೆ ಹದಿನೈದು ನಿಮಿಷ. ಆ ಅರ್ಧ ಗಂಟೆ ನಾನು ಗೋಡೆಯ ಗಡಿಯಾರ ನೋಡಿದಷ್ಟು ಅವನ ಕಣ್ಣು ನೋಡಿದ್ದೆನೋ ಇಲ್ಲವೋ.

ನೀರಿಗೆ ವಾಸನೆ ಹೋಯಿತು, ಅಂಟು ಹೋಗಲಿಲ್ಲ. ಎಡಗಣ್ಣಿನ ಮೇಲಿನ ರೆಪ್ಪೆಗೂದಲು ಕೆಳಗಿನವಕ್ಕೆ ಹತ್ತಿಕೊಂಡು ಕರಿಯ ಗಂಟಾಗಿತ್ತು. ಗಂಟೆ ಒಂದು ಇಪ್ಪತ್ತು. ಗಾಯ ಒರೆಸುವ ಒದ್ದೆ ಗಾಜ್ ಬಟ್ಟೆಯಲ್ಲಿ ಆ ಗಂಟನ್ನು ಹಿಡಿದು, ಬಿಟ್ಟೀತು ಎಂದುಕೊಂಡು, ನಿಂತಲ್ಲಿಂದಲೇ ಎಳೆದೆ.

ಈರಪ್ಪನ ಎರಡೂ ಕೈ ಬೆಂಚಿನ ಅಂಚು ಹಿಡಿದವು. ಗಾಜ್ ಬಟ್ಟೆಯಲ್ಲಿ ಕರಿಯ ಚೂರಿನೊಂದಿಗೆ ಬುಡಸಮೇತ ಎರಡು ರೆಪ್ಪೆಗೂದಲು ಬಂದಿದ್ದವು. ರೆಪ್ಪೆಯಂಚಿನಲ್ಲಿ ಸಣ್ಣ ರಕ್ತದ ಹನಿ.

ಗಂಗವ್ವ ಅದನ್ನು ನೋಡಿದಳು. ಕೂಸನ್ನು ಇನ್ನೊಂದು ಬಗಲಿಗೆ ಹಾಕಿಕೊಂಡಳು.

ಬಸ್ಸಿನ ವಿಚಾರ ಅಲ್ಲಿಗೇ ಬಿಟ್ಟೆ. ರಾಳ ನೀರಿಗೆ ಕರಗುವುದಿಲ್ಲ, ಸ್ಪಿರಿಟ್ಟನ್ನು ಕಣ್ಣಿನ ಹತ್ತಿರ ತರುವಂತಿಲ್ಲ. ಉಳಿದದ್ದು ಎಣ್ಣೆ. ಶುದ್ಧವಾದ ಲಿಕ್ವಿಡ್ ಪ್ಯಾರಾಫಿನ್ ಡಾಕ್ಟರರ ಕಪಾಟಿನಲ್ಲಿತ್ತು. ಅದರ ಕೀಲಿ ಡಾಕ್ಟರರ ಜೊತೆ ಧಾರವಾಡಕ್ಕೆ ಹೋಗಿತ್ತು. ಮನೆಯಲ್ಲಿ ಯಾವ ಎಣ್ಣೆ ಇದೆ ಎಂದು ಗಂಗವ್ವನನ್ನು ಕೇಳಿದೆ. ಓಡಿಹೋಗಿ ತಂದಳು. ತಲೆಗೆ ಹಚ್ಚುವ ಹಸಿರು ಬಣ್ಣದ ಪರಿಮಳದ ಎಣ್ಣೆ. ಆ ಅತ್ತರು ಗಾಯದ ಕಣ್ಣನ್ನು ಸುಡುತ್ತದೆ, ಬೇಡವೆಂದೆ. ಮತ್ತೆ ಓಡಿ ಶೇಂಗಾ ಎಣ್ಣೆ ತಂದಳು. ಒಮ್ಮೆ ಬಜಿ ಕರಿದ ಎಣ್ಣೆ ಅದು, ಮೂಸಿದರೆ ಖಾರ. ಅದೂ ಬೇಡವೆಂದೆ. ಅವಳಿಗೆ ಅಳು ಬಂದಿತ್ತು.

"ಎದಿಹಾಲು ಹಿಂಡ್ಲೇನ್ರಿ ಅಕ್ಕಾರ? ನಮ್ಮೂರಾಗ ಕಣ್ಣಿಗೆ ಅದನ್ನ ಹಾಕ್ತಾರ."

"ಬ್ಯಾಡ ತಂಗಿ. ಹಾಲಿಗೆ ರಾಳ ಬಿಡೂದಿಲ್ಲ, ಕಣ್ಣಿಗೆ ಕೀವು ಆದರ ಕಷ್ಟ. ಕೊಬ್ಬರಿ ಎಣ್ಣಿಲೆ ಅಡಗಿ ಮಾಡೂವರು ಯಾರರ ಅದಾರೇನು ನೋಡು," ಎಂದೆ.

ಚಾಳಿನ ಕೊನೆಯ ಮನೆಯಲ್ಲಿ ಜೋಯಿಡಾ ಕಡೆಯ ಕೊಂಕಣಿ ಮಾತಿನ ಒಬ್ಬಾಕೆ ಇದ್ದಳು. ಗಂಗವ್ವನಿಗೂ ಅವಳಿಗೂ ನಲ್ಲಿಯ ಪಾಳಿಯ ವಿಷಯದಲ್ಲಿ ಮಾತು ನಿಂತು ತಿಂಗಳಾಗಿತ್ತಂತೆ. ಆದರೂ ಗಂಗವ್ವ ಆ ಮನೆಯ ಬಾಗಿಲು ಬಡಿದು ಒಂದು ಬಟ್ಟಲು ತಿಳಿ ಕೊಬ್ಬರಿ ಎಣ್ಣೆ ತಂದಳು. ಅದನ್ನು ಬಿಸಿ ಮಾಡಿ, ಆರಿಸಿ, ಬಟ್ಟೆಯಲ್ಲಿ ಸೋಸಿದೆ. ಹಳೆಯ ಮೆತ್ತನೆಯ ಧೋತರವೊಂದನ್ನು ಕುದಿಸಿ ಒಣಗಿಸಿ ಸಣ್ಣ ಚೌಕಗಳಾಗಿ ಕತ್ತರಿಸಿದೆ. ಸ್ಟೂಲ್ ಎಳೆದುಕೊಂಡು ಅವನ ತಲೆಯ ಹತ್ತಿರ ಕೂತೆ.

ಆ ಕೆಲಸದಲ್ಲಿ ಮಾಡುವುದು ಬಹಳ ಕಡಿಮೆ. ಕಣ್ಣು ಮುಚ್ಚಿದ್ದಂತೆಯೇ ಎಣ್ಣೆಯ ಚೌಕವನ್ನು ರೆಪ್ಪೆಯ ಮೇಲಿಟ್ಟು ಒತ್ತದೆ ಹಿಡಿಯಬೇಕು. ಮನಸ್ಸಿನಲ್ಲೇ ಇನ್ನೂರು ಎಣಿಸಬೇಕು. ಆಮೇಲೆ ಮೇಲಿನಿಂದ ಕೂದಲಿನ ತುದಿಯ ಕಡೆ ಒಂದೇ ಸಲ ಜಾರಿಸಿ ತೆಗೆದು, ಆ ತುಂಡು ಬಿಸಾಡಿ, ಹೊಸ ತುಂಡು ತೆಗೆದುಕೊಳ್ಳಬೇಕು. ಅತ್ತಿತ್ತ ತಿಕ್ಕುವಂತಿಲ್ಲ, ಕೂದಲು ಕತ್ತರಿಸುವಂತಿಲ್ಲ. ಮೊದಲ ನಾಲ್ಕು ತುಂಡು ಬೆಳ್ಳಗೇ ಬಂದವು. ನನ್ನ ಕಾಲು ತಾನಾಗಿ ನೆಲ ಕುಟ್ಟುತ್ತಿತ್ತು. ಐದನೆಯದರಲ್ಲಿ ಕಪ್ಪು ಗೆರೆ ಬಂತು. ಹೊರಗೆ, ಅರ್ಧ ಗಂಟೆ ತಡವಾಗಿ ಹೊರಟ ಹಳಿಯಾಳದ ಬಸ್ಸು ಹಾರ್ನ್ ಹೊಡೆದು ಹೋಯಿತು. ಎಣಿಕೆ ತಪ್ಪಿ ಮತ್ತೆ ಒಂದರಿಂದ ಶುರು ಮಾಡಿದೆ. ಈರಪ್ಪ ನಡುನಡುವೆ ಗಂಟೆ ಎಷ್ಟೆಂದು ಕೇಳುತ್ತಿದ್ದ. ಗಂಗವ್ವ ಬಾಗಿಲಿಂದ ಬೆಂಚಿಗೆ, ಬೆಂಚಿನಿಂದ ಬಾಗಿಲಿಗೆ ಕೂಸನ್ನೆತ್ತಿಕೊಂಡು ತಿರುಗುತ್ತಿದ್ದಳು. ಮೂವರಲ್ಲಿ ಒಬ್ಬರಿಗೂ ಸಮಾಧಾನವಿರಲಿಲ್ಲ.

ಇಪ್ಪತ್ತಾರು ತುಂಡು ಮುಗಿಯುವ ಹೊತ್ತಿಗೆ ಗಂಟೆ ನಾಲ್ಕೂವರೆ. ಉಳಿದ ಎಣ್ಣೆಯನ್ನು ಬೆಚ್ಚಗಿನ ನೀರಿನ ಬಟ್ಟೆಯಿಂದ ತೆಗೆದೆ. ಬಲಗಣ್ಣು ತೆರೆಯಿತು, ಗೋಡೆಯ ಕ್ಯಾಲೆಂಡರಿನ ಸಣ್ಣ ಅಕ್ಷರವನ್ನೂ ಓದಿದ. ಎಡಗಣ್ಣು ತೆರೆಯಿತಾದರೂ ಕೆಂಪಾಗಿತ್ತು, ನೀರು ನಿಲ್ಲುತ್ತಿರಲಿಲ್ಲ. ಬೆಳಕಿಗೆ ತಿರುಗಿಸಿದರೆ ಮುಚ್ಚಿಕೊಳ್ಳುತ್ತಿದ್ದ. ಕ್ಯಾಲೆಂಡರ್ ಮಂಜು ಮಂಜು ಎಂದ. ಆ ಕಣ್ಣಿಗೆ ಪಟ್ಟಿ ಕಟ್ಟಿ, ಡಾಕ್ಟರು ನೋಡುವ ತನಕ ಬಿಚ್ಚಬೇಡಿರೆಂದೆ.

ಆಗ ಅವನು ಕೈ ಮುಗಿದ. ಪರೀಕ್ಷೆಗೆ ದವಾಖಾನೆಯ ಚೀಟಿ ಕೇಳುತ್ತಾರೆ, ನಿಮ್ಮ ಕೈಯ ಚೀಟಿಯಾದರೂ ನಡೆಯುತ್ತದೆ ಎಂದ. "ಕಣ್ಣ ನೆಟ್ಟಗ ಅದಾವ ಅಂತ ಎರಡ ಸಾಲು ಬರದು ಕೊಡ್ರಿ. ಪಟ್ಟಿ ಬಿಚ್ಚಿ ಹೆಂಗರ ಕೂತು ಮುಗಸ್ತೇನಿ. ಮುಂದ ನನ್ನ ನಸೀಬು."

ಬರೆದುಕೊಡುವುದು ಸುಲಭವಿತ್ತು. ಅವನ ಕಣ್ಣು ಅವನದು, ನೌಕರಿ ಅವನದು, ಆ ಎರಡು ಕೂದಲು ಕಿತ್ತ ಕೈ ನನ್ನದು. ಚೀಟಿ ಕೊಟ್ಟರೆ ನಮ್ಮಿಬ್ಬರ ಲೆಕ್ಕ ಸರಿಹೋದೀತು ಎಂಬ ಯೋಚನೆಯೂ ಬಂತು. ಕೊನೆಗೆ ಕಂಡದ್ದನ್ನೇ ಬರೆದೆ: ಬಲಗಣ್ಣು ಸ್ವಚ್ಛ, ಎಡಗಣ್ಣಿಗೆ ಡಾಕ್ಟರರ ತಪಾಸಣೆ ಬೇಕು, ಅಲ್ಲಿಯವರೆಗೆ ಕೆಲಸ ಕೂಡದು. ಅಲ್ಲಿಗೆ ನಿಲ್ಲಿಸಲು ಮನಸ್ಸು ಒಪ್ಪಲಿಲ್ಲ. ದವಾಖಾನೆಯ ರಿಜಿಸ್ಟರಿನಲ್ಲಿ, ಗಂಟು ಎಳೆದಾಗ ನನ್ನ ಕೈಯಿಂದ ಎರಡು ರೆಪ್ಪೆಗೂದಲು ಕಿತ್ತುಬಂದವು ಎಂದೂ ಬರೆದು ಸಹಿ ಮಾಡಿದೆ. ಈರಪ್ಪ ಚೀಟಿಯನ್ನು ಬಲಗಣ್ಣಿನ ಹತ್ತಿರ ಹಿಡಿದು ಓದಿ, ಮಡಚಿ ಕಿಸೆಗೆ ಹಾಕಿಕೊಂಡ. ಹೆಂಡತಿಯ ಜೊತೆ ಹೋದ.

ಸೋಮವಾರ ಬೆಳಿಗ್ಗೆ ಅವನು ಪರೀಕ್ಷೆಗೆ ಹೋಗಲಿಲ್ಲ. ದವಾಖಾನೆಯ ಮೆಟ್ಟಿಲ ಮೇಲೆ ಕೂತಿದ್ದ. ರೈಲು ಇಳಿದು ಬಂದ ಡಾಕ್ಟರು ಚೀಲವನ್ನೂ ಬಿಚ್ಚದೆ ಅವನ ಎಡಗಣ್ಣಿಗೆ ಫ್ಲೋರೆಸಿನ್ ಎಂಬ ಕಿತ್ತಳೆ ಬಣ್ಣದ ಹನಿ ಹಾಕಿದರು. ಕಾರ್ನಿಯಾ ಎಂದರೆ ಕಣ್ಣಿನ ಕರಿಯ ಭಾಗದ ಮುಂದಿರುವ ಗಾಜಿನಂಥ ಪದರ. ಅದಕ್ಕೆ ಗಾಯವಾಗಿದ್ದರೆ ಆ ಜಾಗ ಹಸಿರಾಗಿ ಕಾಣುತ್ತದೆ. ಹಸಿರು ಗೀರೊಂದು ಕಂಡಿತು, ಅಕ್ಕಿಕಾಳಿನ ಅರ್ಧದಷ್ಟು. ಐದು ದಿನ ಪಟ್ಟಿ, ಮುಲಾಮು. ಈ ಕಣ್ಣಲ್ಲಿ ದಿನವಿಡೀ ಬಿಳಿ ಹಾಳೆ ದಿಟ್ಟಿಸಿ ತಿಕ್ಕಿಕೊಂಡಿದ್ದರೆ ಹುಣ್ಣಾಗಿ ಹೂವು, ಅಂದರೆ ಬಿಳಿ ಕಲೆ, ಬೀಳುತ್ತಿತ್ತು ಎಂದರು.

ಅವನು ಹೋದ ಮೇಲೆ ಡಾಕ್ಟರು ರಿಜಿಸ್ಟರ್ ಓದಿ, ತಲೆ ಎತ್ತಿ ನನ್ನನ್ನು ನೋಡಿದರು. ಆ ಗೀರು ಟಾವೆಲಿನದೋ ನನ್ನ ಎಳೆತದ್ದೋ ಎಂದು ಕೇಳಿದೆ.

"ಹೇಳಾಕ ಬರೂದಿಲ್ಲ," ಎಂದರು. "ಎರಡೂ ಆಗಬಹುದು."

ಆರನೆಯ ದಿನ ಈರಪ್ಪನ ಕಣ್ಣು ತಿಳಿಯಾಯಿತು. ಅಷ್ಟರಲ್ಲಿ ಐವರನ್ನು ಆರಿಸಿಯಾಗಿತ್ತು. ಸಾರ್ಟಿಂಗಿನಲ್ಲಿ ಇನ್ನು ಜಾಗವಿಲ್ಲವೆಂದು ಗುತ್ತಿಗೆದಾರ ಅವನನ್ನು ಬಿದಿರು ಇಳಿಸುವ ಅಂಗಳಕ್ಕೆ ಹಾಕಿದ. ಬಿಸಿಲು, ಧೂಳು, ಹೆಗಲಿನ ಮೇಲೆ ಹೊರೆ. ಎರಡು ತಿಂಗಳ ಮೇಲೆ ಗಂಗವ್ವ ಕೂಸಿಗೆ ದೇವಿ ಹಾಕಿಸಲು, ಅಂದರೆ ಸಿಡುಬಿನ ಲಸಿಕೆಗೆ ಬಂದಳು. ಕೆಲಸ ಮುಗಿದ ಮೇಲೂ ಎದ್ದು ಹೋಗಲಿಲ್ಲ.

"ನೀವು ಖರೇನ ಬರದ್ರಿ, ತಪ್ಪ ಅನ್ನೂದಿಲ್ಲ," ಎಂದಳು. "ಆದ್ರ ಅದು ತುಟ್ಟಿ ಬಿದ್ದದ್ದು ನಮಗ್ರಿ."

ಕಣ್ಣು ಉಳಿಯಿತಲ್ಲ ಎನ್ನಬಹುದಿತ್ತು. ಅದು ಅವಳಿಗೂ ಗೊತ್ತಿತ್ತು. ಅವಳ ಎದುರು ಕೂತು, ಕೂಸಿನ ತೋಳಿನ ಗಾಯ ಹೇಗೆ ನೋಡಿಕೊಳ್ಳಬೇಕೆಂದು ಮತ್ತೊಮ್ಮೆ, ಅವಸರವಿಲ್ಲದೆ ಹೇಳಿದೆ.

ಈರಪ್ಪ ಅಂಗಳದಲ್ಲೇ ಮೂರು ವರ್ಷ ದುಡಿದು ಅಲ್ಲಿಯೇ ಕಾಯಂ ಆದ. ನಾನು ಮುಂಡಗೋಡಿಗೆ ವರ್ಗವಾಗಿ ಹೋದೆ, ಆಮೇಲೆ ಬೇರೆ ಬೇರೆ ಊರು, ಒಟ್ಟು ಮೂವತ್ತನಾಲ್ಕು ವರ್ಷ ನೌಕರಿ. ಕಣ್ಣಿನ ಬಣ್ಣ ತೆಗೆಯಲು ಒಳ್ಳೆಯ ಎಣ್ಣೆ, ಮೆತ್ತನೆಯ ಬಟ್ಟೆ ಸಾಕೆಂದು ನನ್ನ ಕೈಕೆಳಗೆ ಬಂದ ಹುಡುಗಿಯರಿಗೆ ಕಲಿಸಿದೆ. ಅದು ಬೇಗ ಕಲಿಯುವ ಪಾಠ. ನನ್ನ ಅವಸರದ ಬೆಲೆಯನ್ನು ನಾನಲ್ಲ, ಬೆಂಚಿನ ಮೇಲೆ ಮಲಗಿದವರು ಕೊಡುತ್ತಾರೆ ಎನ್ನುವುದನ್ನು ಮಾತ್ರ ನೌಕರಿಯೇ ಕಲಿಸಬೇಕಾಯಿತು. ಆ ಗೀರು ಯಾರ ಕೈಯದೆಂದು ನನಗೆ ಇವತ್ತಿಗೂ ತಿಳಿದಿಲ್ಲ.